ಕತ್ತಲಲ್ಲಿ ಬಂದ ಈರಣ್ಣ

ಹಲಗೂರಿನಲ್ಲಿ ಮನೆಮನೆಗೆ ಟಿ.ವಿ. ಬಾರದ ಕಾಲದ ಮಾತಿದು. ಸುಗ್ಗಿ ಮುಗಿದಿತ್ತು, ಊರವರೇ ಸೇರಿ ಕುರುಕ್ಷೇತ್ರ ನಾಟಕ ಕಟ್ಟಿದ್ದರು. ನಮ್ಮ ಮಂಡ್ಯ ಸೀಮೆಯಲ್ಲಿ ಅದೊಂದು ವ್ರತವಿದ್ದಂತೆ. ಹಗಲೆಲ್ಲ ಗದ್ದೆಯಲ್ಲಿ ಬೆವರು ಸುರಿಸಿದವರು ತಿಂಗಳುಗಟ್ಟಲೆ ರಾತ್ರಿ ಹೊತ್ತು ಹಾರ್ಮೋನಿಯಂ ಮೇಷ್ಟ್ರ ಮುಂದೆ ಕೂತು ಹಾಡು ಕಲಿಯುತ್ತಾರೆ. ಪಾತ್ರಕ್ಕೆ ಇಂತಿಷ್ಟು ಅಂತ ಕೈಯಿಂದ ದುಡ್ಡು ಹಾಕಿ ಕೃಷ್ಣನೋ ಭೀಮನೋ ಆಗುತ್ತಾರೆ.

ಆ ರಾತ್ರಿ ದುರ್ಯೋಧನ ಗದೆ ಹೊತ್ತು ರಂಗಕ್ಕೆ ಬಂದ, ಹಾಡಿಗೆ ದನಿ ಎತ್ತಿದ. ಅಷ್ಟರಲ್ಲಿ ಕರೆಂಟು ಹೋಯಿತು. ಮೈಕೂ ನಿಂತಿತು. ಮಕ್ಕಳು ಅಳತೊಡಗಿದವು. ಚಾಪೆ ಸುತ್ತಿ ಏಳುವವರ ಸದ್ದು. ಗ್ಯಾಸ್‌ಲೈಟ್ ಹಚ್ಚಲು ಹೋದವನಿಗೆ ಮ್ಯಾಂಟಲ್ ಸಿಗಲಿಲ್ಲ.

ಆಗ ಸೈಡ್‌ವಿಂಗ್ ಕಡೆಯಿಂದ ಒಂದು ದನಿ ಬಂತು. "ಯಾಕ್ರಪ್ಪಾ ಎದ್ರಿ? ನಾನು ಈರಣ್ಣ ಬಂದಿವ್ನಿ, ಕೂತ್ಕಳಿ."

ದನಿ ನಮ್ಮೂರ ಟೈಲರ್ ಅಣ್ಣನದು. ಆದರೆ ಧಾಟಿ ಬೆಂಗಳೂರು ಆಕಾಶವಾಣಿಯ ಈರಣ್ಣನದು. ಅಂಗಡಿಯ ರೇಡಿಯೊ ಮುಂದೆ ಹೊಲಿಗೆ ತುಳಿಯುತ್ತಲೇ ಅವನು ಅದನ್ನು ಕಲಿತಿದ್ದ. ಎದ್ದವರು ಕೂತರು.

"1902ರಲ್ಲೇ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ಕರೆಂಟು ಹೋಯ್ತಂತೆ. 1940ರಲ್ಲಿ ಶಿಂಷಾದಲ್ಲೂ ಪವರ್‌ಹೌಸ್ ಆಯ್ತಂತೆ. ಎರಡೂ ನಮ್ಮ ಮಳವಳ್ಳಿ ತಾಲ್ಲೂಕೇ. ಅಂಥಾ ತಾಲ್ಲೂಕಲ್ಲಿ ದುರ್ಯೋಧನ ತೊಡೆ ಎಲ್ಲೈತೆ ಅಂತ ಭೀಮ ತಡಕಾಡಂಗಾಯ್ತಲ್ಲಪ್ಪಾ!"

ಆ ನಗೆಯ ಅಲೆ ಇವತ್ತಿಗೂ ನನ್ನ ಕಿವಿಯಲ್ಲಿದೆ. ಆಮೇಲೆ ಅವನು ಕೆಟ್ಟ ಬೋರ್‌ವೆಲ್, ಬಾರದ ಬಸ್ಸು, ಅಳತೆಯಲ್ಲಿ ತಪ್ಪುವ ಸೀಮೆಎಣ್ಣೆ ಎಲ್ಲವನ್ನೂ ಒಂದೊಂದಾಗಿ ಎತ್ತಿದ. ಜನ ಕತ್ತಲಿನಿಂದಲೇ ಒಂದೊಂದು ದೂರು ಕೂಗಿದರು, ಅವನು ಅದನ್ನು ಈರಣ್ಣನ ಬಾಯಿಗೆ ಹಾಕಿದ. ಹಗಲು ಹೊತ್ತಿನಲ್ಲಿ ಯಜಮಾನರ ಎದುರು ತುಟಿ ಬಿಚ್ಚದ ಹೆಂಗಸರೂ ಮಾತಾಡಿದರು. ಕೊನೆಗೆ ಗ್ಯಾಸ್‌ಲೈಟ್ ಹತ್ತಿದಾಗ ದುರ್ಯೋಧನನ ಪಾತ್ರಧಾರಿಯೇ, "ಮುಗಿಸಣ್ಣ, ಆಮೇಲೆ ನಾ ಬತ್ತೀನಿ" ಎಂದು ಗದೆ ಊರಿ ಕೂತ.

ಅಸಲಿ ಈರಣ್ಣ ಎ.ಎಸ್. ಮೂರ್ತಿ. ಬೆಂಗಳೂರಿನಲ್ಲಿ ಕಲಾಮಂದಿರ ಕಟ್ಟಿದ ಕಲಾವಿದ ಎ.ಎನ್. ಸುಬ್ಬರಾಯರ ಮಗ. ರೇಡಿಯೊದಲ್ಲಿ ಸಾಮಾನ್ಯನ ತೊಂದರೆಗಳನ್ನು ನಗಿಸುತ್ತ ಹೇಳಿ ಆ ಪಾತ್ರವನ್ನು ನಾಡಿಗೆಲ್ಲ ಪರಿಚಯ ಮಾಡಿಸಿದರು. ಕೊನೆಗೆ ಜನ ಅವರನ್ನೇ 'ಆಕಾಶವಾಣಿ ಈರಣ್ಣ' ಎಂದು ಕರೆದರು. ಬಣ್ಣ, ವೇಷ, ಮುಖಭಾವ ಯಾವುದೂ ನೆರವಿಗಿಲ್ಲದ ಕಡೆ ಬರೀ ಗಂಟಲಿನಿಂದ ಒಬ್ಬ ಮನುಷ್ಯನನ್ನು ನಿಲ್ಲಿಸುವುದು ದೊಡ್ಡ ವಿದ್ಯೆ. ಆ ವಿದ್ಯೆ ತಮ್ಮೊಂದಿಗೇ ಮುಗಿಯಬಾರದೆಂದು ಮೂರ್ತಿಯವರು 'ಅಭಿನಯ ತರಂಗ' ಎಂಬ ಭಾನುವಾರದ ನಾಟಕ ಶಾಲೆ ನಡೆಸಿದರು. ಕೆಲಸಕ್ಕೆ ಹೋಗುವ ಎಷ್ಟೋ ಹುಡುಗರಿಗೆ ರಜದ ದಿನವೇ ರಂಗದ ದಿನವಾಯಿತು. ಮೂರ್ತಿಯವರು ತೀರಿಕೊಂಡದ್ದು 2012ರ ಡಿಸೆಂಬರ್‌ನಲ್ಲಿ.

ದೂರದರ್ಶನ ಬಂದ ಮೇಲೂ ಹೀಗೆ ಕಾರ್ಯಕ್ರಮದ ಹೆಸರು ಕಲಾವಿದರಿಗೆ ಅಂಟುವುದು ನಡೆಯಿತು. 'ಸಿಹಿ ಕಹಿ' ಧಾರಾವಾಹಿ ಮುಗಿದು ದಶಕಗಳಾದರೂ ಚಂದ್ರು ಮತ್ತು ಗೀತಾ ಅವರ ಹೆಸರಿನ ಹಿಂದೆ ಅದು ಅಂಟಿಕೊಂಡೇ ಇದೆ. ನಮ್ಮ ಜಿಲ್ಲೆಯ ಹೆಸರನ್ನೇ ಹೊತ್ತ ಮಂಡ್ಯ ರಮೇಶ್ ನೀನಾಸಂನಲ್ಲಿ ಕಲಿತು, ರಂಗಾಯಣದಲ್ಲಿ ಪಳಗಿ, 'ಮಜಾ ಟಾಕೀಸ್' ಮೂಲಕ ಮನೆಮನೆಗೆ ನಗು ತಂದರು. ಅವರೂ ಮೈಸೂರಿನಲ್ಲಿ 'ನಟನ' ಕಟ್ಟಿ ಮಕ್ಕಳಿಗೆ ನಾಟಕ ಕಲಿಸುತ್ತಿದ್ದಾರೆ. ಗಳಿಸಿದ ಹೆಸರನ್ನು ಶಾಲೆಯಾಗಿಸಿದ ಮೂರ್ತಿ, ರಮೇಶ್ ಇಬ್ಬರನ್ನೂ ನಾನು ಒಂದೇ ಗೌರವದಿಂದ ನೆನೆಯುತ್ತೇನೆ.

ಈಗ ನಮ್ಮೂರ ಹುಡುಗರು ಮೊಬೈಲ್ ಹಿಡಿದು ಕಾಮಿಡಿ ಮಾಡುತ್ತಾರೆ. ಸಂತೋಷವೇ. "ಅಜ್ಜ, ಹೆಂಗೈತೆ?" ಎಂದು ಕೇಳಿದಾಗಲೆಲ್ಲ ನಾನು ಹೇಳುವುದು ಇಷ್ಟೇ: ದನಿ ಅನುಕರಿಸೋದು ಆಮೇಲಾಗಲಿ ಮಗ, ಮೊದಲು ಬಸ್‌ಸ್ಟ್ಯಾಂಡಲ್ಲಿ, ಡೈರಿ ಮುಂದೆ, ಸಂತೆಯಲ್ಲಿ ಜನ ಏನಂತ ಗೊಣಗ್ತಾರೆ ಕಿವಿಗೊಟ್ಟು ಕೇಳಿಸ್ಕೊ. ಅವರು ಹೇಳಲಾರದ್ದನ್ನ ನೀನು ಹೇಳಿದ್ರೆ ಅವರು ತಾವಾಗೇ ನಗ್ತಾರೆ.