ಪ್ರಮಾಣಿಸಿ ನೋಡುವ ಆಟ

ಆಸಾಡಿಯ ಮಳೆ ಹಿಡಿದು, ಶಾಲೆಗೆ ರಜೆ ಎಂದು ಜಿಲ್ಲಾಧಿಕಾರಿಗಳ ಆದೇಶ ಬಂದ ದಿನ ಕುಂದಾಪುರದ ಕಡೆಯ ಮನೆಗಳಲ್ಲಿ ಮಕ್ಕಳನ್ನು ಹಿಡಿದು ಕೂರಿಸುವುದು ಸುಲಭದ ಮಾತಲ್ಲ. ಅಂಗಳಕ್ಕೆ ಇಳಿಯುವಂತಿಲ್ಲ, ತೋಡಿನ ಬದಿಗೆ ಹೋಗುವಂತಿಲ್ಲ. ಕರೆಂಟು ಕೈಕೊಟ್ಟರೆ ಟಿ.ವಿ.ಯೂ ಇಲ್ಲ. ಅಂಥ ಹೊತ್ತಿಗೆಂದೇ ಇರುವ ಆಟವೊಂದು ಎಲ್ಲರಿಗೂ ಗೊತ್ತು. ನೋಟ್ ಪುಸ್ತಕದ ಹಾಳೆ ಹರಿದು ನಾಲ್ಕು ಚೀಟಿ ಮಾಡಿ, ರಾಜ, ಮಂತ್ರಿ, ಕಳ್ಳ, ಪೊಲೀಸ್ ಎಂದು ಬರೆದು, ಮಡಚಿ ಎಸೆದರೆ ಆಯಿತು. ಪೊಲೀಸ್ ಚೀಟಿ ಸಿಕ್ಕವನು ಉಳಿದವರ ಮುಖ ನೋಡಿ ಕಳ್ಳ ಯಾರೆಂದು ಹೇಳಬೇಕು.

ಮಜವಾದ ಆಟ, ಸಂಶಯವಿಲ್ಲ. ಆದರೆ ಆ ಪೊಲೀಸಿನ ತನಿಖೆಯನ್ನು ಸ್ವಲ್ಪ ಗಮನಿಸಿ. ಪಕ್ಕನೆ ನಕ್ಕವನು ಕಳ್ಳ. ನಗದೆ ಗಂಭೀರವಾಗಿ ಕುಳಿತವನೂ ಕಳ್ಳ. ಹೋದ ಸಲ ಕಳ್ಳನಾಗಿದ್ದವನಂತೂ ಈ ಸಲವೂ ಕಳ್ಳನೇ! ಸಾಕ್ಷಿ ಬೇಕಿಲ್ಲ, ಕಾರಣ ಬೇಕಿಲ್ಲ, ಬೆರಳು ತೋರಿಸಿದರೆ ಸಾಕು. ಸರಿಯಾದರೆ ಅಂಕ, ತಪ್ಪಾದರೆ ಸೊನ್ನೆ.

ಹಾಗೆ ನೋಡಿದರೆ ಕಳ್ಳನನ್ನು ಹುಡುಕುವ ಆಟಗಳು ಜಗತ್ತಿನಲ್ಲಿ ಬೇಕಾದಷ್ಟಿವೆ. ಅವುಗಳಲ್ಲಿ ಕೆಲವನ್ನು ಆಡುವ ಕ್ರಮವೇ ಬೇರೆ. ಅಲ್ಲಿ ಬೆರಳು ತೋರಿಸುವ ಮೊದಲು ಕಾರಣ ಹೇಳಬೇಕು. ಅದೂ ಒಬ್ಬರೇ ಅಲ್ಲ, ಮಣೆಯ ಸುತ್ತ ಕೂತವರೆಲ್ಲ ಸೇರಿ ಹೇಳಬೇಕು.

ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನ ಆಂಥನಿ ಪ್ರಾಟ್ ಎಂಬವರು ಎರಡನೆಯ ಮಹಾಯುದ್ಧದ ಕಾಲದಲ್ಲಿ ಒಂದು ಆಟ ಕಲ್ಪಿಸಿದರು. 1949ರಲ್ಲಿ ಅದು 'ಕ್ಲೂಡೋ' ಎಂಬ ಹೆಸರಿನಲ್ಲಿ ಅಂಗಡಿಗೆ ಬಂತು. ದೊಡ್ಡ ಬಂಗಲೆಯೊಂದರಲ್ಲಿ ಕೊಲೆಯಾಗಿದೆ. ಶಂಕಿತರು ಆರು ಜನ, ಆಯುಧಗಳು ಆರು, ಕೋಣೆಗಳು ಒಂಬತ್ತು. ಗುಣಿಸಿ ನೋಡಿ, ಒಟ್ಟು 324 ಸಾಧ್ಯತೆ. ಅದರಲ್ಲಿ ನಿಜವಾದ ಒಂದು ಲಕೋಟೆಯೊಳಗೆ ಅಡಗಿದೆ. ಮುಖ ನೋಡಿ ಹೇಳಿದರೆ ಇಲ್ಲಿ ನಡೆಯುವುದಿಲ್ಲ. ಒಂದೊಂದೇ ಸಾಧ್ಯತೆಯನ್ನು ಅಲ್ಲವೆಂದು ತೀರ್ಮಾನಿಸಿ ಹೊಡೆದುಹಾಕುತ್ತ ಹೋಗಬೇಕು. ಹತ್ತನೆಯ ತರಗತಿಯ ಗಣಿತದ ಮೇಷ್ಟ್ರು ಕಲಿಸುವುದೂ ಹೆಚ್ಚುಕಡಿಮೆ ಇದನ್ನೇ. ಆದರೆ ಕ್ಲೂಡೋದಲ್ಲಿ ಪ್ರತಿಯೊಬ್ಬನೂ ತನ್ನ ಚೀಟಿಯನ್ನು ಕೈಯಲ್ಲಿ ಮುಚ್ಚಿಟ್ಟುಕೊಂಡೇ ಆಡುತ್ತಾನೆ. ಗೆಲ್ಲುವವನು ಒಬ್ಬ.

1983ರಲ್ಲಿ ಜರ್ಮನಿಯಿಂದ 'ಸ್ಕಾಟ್ಲೆಂಡ್ ಯಾರ್ಡ್' ಎಂಬ ಆಟ ಬಂತು. ಇದರಲ್ಲಿ ಒಬ್ಬನು ತಪ್ಪಿಸಿಕೊಂಡು ಓಡುವ ಮಿಸ್ಟರ್ ಎಕ್ಸ್. ಉಳಿದವರೆಲ್ಲ ಪತ್ತೇದಾರರು. ಮಣೆಯ ಮೇಲೆ ಲಂಡನ್ ನಗರದ ನಕ್ಷೆ. ಅದರಲ್ಲಿ ಸುಮಾರು ಇನ್ನೂರು ನಿಲ್ದಾಣಗಳು. ಕಳ್ಳ ಎಲ್ಲಿದ್ದಾನೆಂದು ಕಾಣುವುದಿಲ್ಲ. ಟ್ಯಾಕ್ಸಿಯಲ್ಲಿ ಹೋದನೇ, ಬಸ್ಸಿನಲ್ಲಿ ಹೋದನೇ, ನೆಲದಡಿಯ ರೈಲಿನಲ್ಲಿ ಹೋದನೇ ಎಂಬುದಷ್ಟೇ ಗೊತ್ತಾಗುತ್ತದೆ. ಮೂರನೆಯ, ಎಂಟನೆಯ, ಹದಿಮೂರನೆಯ ನಡೆಯಲ್ಲಿ ಹೀಗೆ ಆಗೀಗ ಮಾತ್ರ ಅವನು ತಲೆ ಹೊರಹಾಕಬೇಕು. ಪತ್ತೇದಾರರು ಒಬ್ಬರಿಗೊಬ್ಬರು ಹೇಳಿಕೊಳ್ಳದೆ ಓಡಿದರೆ ಎಲ್ಲರೂ ಒಂದೇ ಬೀದಿಯಲ್ಲಿ ಸೇರುತ್ತಾರೆ, ಕಳ್ಳ ಇನ್ನೊಂದರಲ್ಲಿ ಪಾರಾಗುತ್ತಾನೆ.

1980ರ ದಶಕದಲ್ಲೇ ಬಂದ 'ಷರ್ಲಾಕ್ ಹೋಮ್ಸ್ ಕನ್ಸಲ್ಟಿಂಗ್ ಡಿಟೆಕ್ಟಿವ್' ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಅದರಲ್ಲಿ ದಾಳವಿಲ್ಲ, ಎದುರಾಳಿಯೂ ಇಲ್ಲ. ಪೆಟ್ಟಿಗೆಯೊಳಗೆ ನಗರದ ನಕ್ಷೆ, ವಿಳಾಸಗಳ ಪಟ್ಟಿ, ಆ ದಿನದ ಪತ್ರಿಕೆ ಮತ್ತು ಪ್ರಕರಣದ ಪುಸ್ತಕ. ಯಾರನ್ನು ಹೋಗಿ ವಿಚಾರಿಸಬೇಕು ಎಂಬುದನ್ನು ಎಲ್ಲರೂ ಸೇರಿ ತೀರ್ಮಾನಿಸಬೇಕು. ಕೊನೆಯಲ್ಲಿ ಹೋಮ್ಸ್ ಎಷ್ಟು ಕಡೆ ವಿಚಾರಿಸಿದ, ನೀವೆಷ್ಟು ಕಡೆ ಅಲೆದಿರಿ ಎಂದು ಹೋಲಿಸಿಕೊಳ್ಳಬಹುದು. 1985ರಲ್ಲಿ ಜರ್ಮನಿಯ 'ವರ್ಷದ ಆಟ' ಪ್ರಶಸ್ತಿ ಇದಕ್ಕೆ ಸಿಕ್ಕಿತು. 2021ರಲ್ಲಿ ಅದೇ ಪ್ರಶಸ್ತಿ ಪಡೆದ 'ಮೈಕ್ರೋಮ್ಯಾಕ್ರೋ ಕ್ರೈಮ್ ಸಿಟಿ' ಎಂಬ ಆಟದಲ್ಲಂತೂ ಇರುವುದು ಮುಖ್ಯವಾಗಿ ಒಂದು ದೊಡ್ಡ ಕಪ್ಪು-ಬಿಳುಪು ಚಿತ್ರ. ಒಂದು ಇಡೀ ಪಟ್ಟಣ, ಅದರ ತುಂಬ ಸಣ್ಣ ಸಣ್ಣ ಜನ. ಚಿತ್ರದ ಮೇಲೆ ತಲೆಗೆ ತಲೆ ತಾಗಿಸಿ ಬಗ್ಗಿ, ಹದಿನಾರು ಪ್ರಕರಣಗಳನ್ನು ಬಿಡಿಸಬೇಕು. ಇಂಥದ್ದರಲ್ಲಿ ಅಪ್ಪಯ್ಯನಿಗಿಂತ ಎಂಟು ವರ್ಷದ ಮಗಳ ಕಣ್ಣು ಚುರುಕಾಗಿದ್ದರೆ ಆಶ್ಚರ್ಯವಿಲ್ಲ.

ಕನ್ನಡದ ಓದುಗರಿಗೆ ಪತ್ತೇದಾರರು ಹೊಸಬರಲ್ಲ. ಎನ್. ನರಸಿಂಹಯ್ಯನವರ ಪತ್ತೇದಾರ ಪುರುಷೋತ್ತಮನ ಹಿಂದೆ ಬಿದ್ದು ಓದುವ ಚಟ ಹಚ್ಚಿಕೊಂಡವರು ಈಗ ಅಜ್ಜ ಅಜ್ಜಿಯರಾಗಿದ್ದಾರೆ. ಆದರೆ ಕಾದಂಬರಿಯ ಪತ್ತೇದಾರ ಒಬ್ಬನೇ ಬುದ್ಧಿವಂತ, ಉಳಿದವರು ಬಾಯಿ ಬಿಟ್ಟುಕೊಂಡು ನೋಡುವವರು. ಆಟದ ಮಣೆ ಆ ಒಬ್ಬನ ಕುರ್ಚಿಯನ್ನು ತೆಗೆದು ಎಲ್ಲರಿಗೂ ಚಾಪೆ ಹಾಸುತ್ತದೆ.

"ಇದೆಲ್ಲ ದುಬಾರಿ ಪೆಟ್ಟಿಗೆ, ಅದೂ ಇಂಗ್ಲಿಷಿನದು, ನಮಗೆಲ್ಲಿ?" ಎಂದು ತಾಯಂದಿರು ಕೇಳಬಹುದು. ಪೆಟ್ಟಿಗೆಯೇ ಬೇಕೆಂದಿಲ್ಲ. ಒಂದು ರಟ್ಟು, ಒಂದು ಸ್ಕೆಚ್ ಪೆನ್ನು ಸಾಕು. ಲಂಡನ್ನಿನ ಬದಲು ಬ್ರಹ್ಮಾವರದಿಂದ ಶಿರೂರಿನವರೆಗಿನ ನಕ್ಷೆ ಬರೆಯಲು ಮಕ್ಕಳಿಗೆ ಹೇಳಿ. ಹೆದ್ದಾರಿಯ ಮೇಲೆ ಬ್ರಹ್ಮಾವರ, ಸಾಲಿಗ್ರಾಮ, ಕೋಟ, ತೆಕ್ಕಟ್ಟೆ, ಕೋಟೇಶ್ವರ, ಕುಂದಾಪುರ, ಹೆಮ್ಮಾಡಿ, ತ್ರಾಸಿ, ಮರವಂತೆ, ನಾವುಂದ, ಬೈಂದೂರು. ಹೆಮ್ಮಾಡಿಯಲ್ಲಿ ಬಲಕ್ಕೆ ತಿರುಗಿದರೆ ವಂಡ್ಸೆ, ಕೊಲ್ಲೂರು. ನೆಲದಡಿಯ ರೈಲಿಲ್ಲದಿದ್ದರೇನು, 1998ರಲ್ಲಿ ಪೂರ್ತಿಯಾಗಿ ತೆರೆದ ಕೊಂಕಣ ರೈಲು ಇದೆಯಲ್ಲ! ಬಾರ್ಕೂರು, ಕುಂದಾಪುರ, ಸೇನಾಪುರ, ಬಿಜೂರು, ಬೈಂದೂರು, ಶಿರೂರು ಎಂದು ನಿಲ್ದಾಣಗಳಿವೆ. ಆಟೋ ಚೀಟಿಗೆ ಒಂದು ಊರು, ಬಸ್ ಚೀಟಿಗೆ ಎರಡು, ರೈಲಿನ ಚೀಟಿಗೆ ನಿಲ್ದಾಣದಿಂದ ನಿಲ್ದಾಣಕ್ಕೆ. ಇಷ್ಟಾದರೆ ಆಟ ಸಿದ್ಧ.

ಆಡತೊಡಗಿದಾಗ ಊರಿನ ಭೂಗೋಲ ತಾನಾಗಿ ಮಾತಾಡುತ್ತದೆ. ಕುಂದಾಪುರದಿಂದ ಗಂಗೊಳ್ಳಿ ಹೊಳೆಯಾಚೆ ಕಣ್ಣಿಗೆ ಕಾಣುತ್ತದೆ. ರಸ್ತೆಯಲ್ಲಿ ಹೋಗುವುದಾದರೆ ಹೆಮ್ಮಾಡಿ, ಮುಳ್ಳಿಕಟ್ಟೆ ಸುತ್ತಬೇಕು. ಹಾಗಾಗಿ ದೋಣಿಯ ಚೀಟಿ ಒಂದೇ ಇಟ್ಟರೂ ಅದಕ್ಕೆ ಬಂಗಾರದ ಬೆಲೆ. ಮರವಂತೆಯಲ್ಲಿ ಒಂದು ಬದಿ ಕಡಲು, ಇನ್ನೊಂದು ಬದಿ ಸೌಪರ್ಣಿಕಾ ಹೊಳೆ. ನಡುವೆ ಹೆದ್ದಾರಿ. ಅಲ್ಲಿ ಸಿಕ್ಕ ಕಳ್ಳನಿಗೆ ಮುಂದೆ ಅಥವಾ ಹಿಂದೆ, ಎರಡೇ ದಾರಿ. ತ್ರಾಸಿಯಲ್ಲಿ ಅಣ್ಣ, ನಾವುಂದದಲ್ಲಿ ತಂಗಿ ನಿಂತರೆ ಮುಗಿಯಿತು. ಆದರೆ ಹಾಗೆ ನಿಲ್ಲಬೇಕೆಂದು ಇಬ್ಬರೂ ಮೊದಲೇ ಮಾತಾಡಿಕೊಂಡಿರಬೇಕು. ಅಣ್ಣ ತಂಗಿಯ ಮಾತು ಕೇಳಿಸಿಕೊಳ್ಳುವಂತೆ ಮಾಡುವ ಆಟ ಮನೆಗೆ ಎಷ್ಟು ಉಪಕಾರ ಎಂಬುದನ್ನು ಇಬ್ಬರು ಮಕ್ಕಳಿದ್ದ ತಾಯಂದಿರಿಗೆ ವಿವರಿಸಬೇಕಾಗಿಲ್ಲ.

ನಕ್ಷೆಯ ಜತೆಗೆ ಪ್ರಕರಣವನ್ನೂ ಮನೆಯಲ್ಲೇ ಕಟ್ಟಬಹುದು. ಮಾದರಿಗೆ ಒಂದು ನೋಡಿ. ಜುಲೈ ತಿಂಗಳ ಒಂದು ಶುಕ್ರವಾರ ಸಂಜೆಯಿಂದ ಶನಿವಾರ ಬೆಳಗಿನ ನಡುವೆ ಕುಂದಾಪುರದ ವಾಚನಾಲಯದಿಂದ ಹಳೆಯದೊಂದು ಪುಸ್ತಕ ಕಾಣೆಯಾಗಿದೆ. ಅನುಮಾನ ಮೂವರ ಮೇಲೆ. ಒಬ್ಬ ಹೇಳುತ್ತಾನೆ, "ರಾತ್ರಿಯಿಡೀ ಮಂದಾರ್ತಿಯಲ್ಲಿ ಆಟ ನೋಡುತ್ತಿದ್ದೆ." ಇನ್ನೊಬ್ಬ, "ಗಂಗೊಳ್ಳಿಯಿಂದ ಟ್ರಾಲ್ ಬೋಟಿನಲ್ಲಿ ಮೀನಿಗೆ ಹೋಗಿದ್ದೆ." ಮೂರನೆಯವ, "ಮಂಗಳೂರಿನಿಂದ ರೈಲಿನಲ್ಲಿ ಬಂದೆ. ಸ್ಟೇಷನ್ನಿನಿಂದ ಐದೇ ನಿಮಿಷ ನಡೆದು ಶಾಸ್ತ್ರಿ ಸರ್ಕಲ್ಲಿಗೆ ಬಂದು ಮನೆ ಸೇರಿದೆ."

ಮಕ್ಕಳಲ್ಲಿ ದೊಡ್ಡವನು ಕೂಡಲೇ ಎದ್ದು ನಿಲ್ಲುತ್ತಾನೆ. ಮಳೆಗಾಲದಲ್ಲಿ ಎಲ್ಲಿಯ ಯಕ್ಷಗಾನ? ಮೇಳಗಳೆಲ್ಲ ತಿರುಗಾಟ ಮುಗಿಸಿರುತ್ತವೆ, ಮೊದಲನೆಯವನೇ ಕಳ್ಳ! ಆಗ ಮೂಲೆಯಲ್ಲಿ ಬತ್ತಿ ಹೊಸೆಯುತ್ತಿದ್ದ ಅಮ್ಮಮ್ಮ ತಲೆ ಎತ್ತುತ್ತಾರೆ. "ನೀ ಕಂಡಿದ್ಯಾ? ಮಂದಾರ್ತಿಯಲ್ಲಿ ಮಳೆಗಾಲದಲ್ಲೂ ಸೇವೆಯಾಟ ಇರುತ್ತೆ ಮಗಾ." ಒಂದು ಆರೋಪ ಅಲ್ಲಿಗೆ ಬಿತ್ತು. ಎರಡನೆಯವನ ಮಾತಿಗೆ ಬಂದರೆ, ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ಬೋಟುಗಳಿಗೆ ಮೀನುಗಾರಿಕೆ ನಿಷೇಧ. ಆಮೇಲೆ ಮೂರನೆಯವ. ಕುಂದಾಪುರದ ರೈಲು ನಿಲ್ದಾಣ ಇರುವುದು ಪೇಟೆಯಿಂದ ದೂರ, ಮೂಡ್ಲಕಟ್ಟೆಯಲ್ಲಿ. ಐದು ನಿಮಿಷದಲ್ಲಿ ನಡೆದು ಬರಲು ಅವನೇನು ಹನುಮಂತನೇ?

ಹಾಗಾದರೆ ಸುಳ್ಳು ಹೇಳಿದವರು ಇಬ್ಬರು, ಕಾಣೆಯಾದದ್ದು ಒಂದೇ ಪುಸ್ತಕ. ಸುಳ್ಳು ಹೇಳಿದವರೆಲ್ಲ ಕಳ್ಳರಲ್ಲ ಎಂಬ ಮಾತು ಮೊದಲ ಬಾರಿಗೆ ಚಾಪೆಯ ಮೇಲೆ ಬಂದು ಕೂರುವುದು ಇಲ್ಲಿ. ಈಗ ಇನ್ನೊಂದು ಸುಳಿವು ಕೊಡಿ. ಖಾಲಿಯಾದ ಕಪಾಟಿನಲ್ಲಿ ಶುಕ್ರವಾರದ ರೈಲು ಟಿಕೆಟ್ಟೊಂದು ಸಿಕ್ಕಿದೆ. ರೈಲಿನಲ್ಲಿ ಬಂದವ ಮೂರನೆಯವ ಎಂದು ಎಲ್ಲರೂ ಕೂಗುತ್ತಾರೆ. ಟಿಕೆಟ್ಟು ಬೈಂದೂರಿನಿಂದ ಕುಂದಾಪುರಕ್ಕೆ ಎಂದು ಕಿರಿಯವಳು ಓದಿ ಹೇಳಿದ ಮೇಲೆ ಕೂಗು ನಿಲ್ಲುತ್ತದೆ. ಮೂರನೆಯವ ಬಂದದ್ದು ಮಂಗಳೂರಿನಿಂದ ಅಲ್ಲವೇ? ಬೋಟಿನ ಕಥೆ ಹೇಳಿದವ ಶುಕ್ರವಾರ ನಿಜವಾಗಿ ಎಲ್ಲಿದ್ದ? ಇಷ್ಟರಿಂದಲೇ ಅವನನ್ನು ಕಳ್ಳ ಎನ್ನಬಹುದೇ? ಎನ್ನುವಂತಿಲ್ಲ. ಅವನನ್ನು ಇನ್ನೊಂದು ಪ್ರಶ್ನೆ ಕೇಳಬಹುದು, ಅಷ್ಟೆ. ಮುಂದಿನ ಸುಳಿವು ಏನಿರಬೇಕೆಂದು ಮಕ್ಕಳೇ ಬರೆಯಲಿ. ಆಟ ಕಟ್ಟುವುದು ಆಡುವುದಕ್ಕಿಂತ ಕಷ್ಟ, ರುಚಿಯೂ ಹೆಚ್ಚು.

ಆಡುವಾಗ ಎರಡು ಕ್ರಮ ಇಟ್ಟುಕೊಂಡರೆ ಒಳ್ಳೆಯದು. ಒಂದು, ಎಲ್ಲರಿಗಿಂತ ಚಿಕ್ಕವರು ಮೊದಲು ಮಾತಾಡಬೇಕು. ಇಂಥ ಆಟಗಳಿಗೆ ಇರುವ ದೊಡ್ಡ ರೋಗವೆಂದರೆ ಒಬ್ಬನೇ ಯಜಮಾನಿಕೆ ಮಾಡುವುದು. ಹಲವು ಮನೆಗಳಲ್ಲಿ ಆ ಒಬ್ಬ ಅಪ್ಪನೇ ಆಗಿರುತ್ತಾನೆ. ಎರಡು, ಒಂದು ಪುಸ್ತಕದಲ್ಲಿ ಮೂರು ಗೆರೆ ಎಳೆದು 'ಕಂಡದ್ದು', 'ಕೇಳಿದ್ದು', 'ಊಹಿಸಿದ್ದು' ಎಂದು ಬೇರೆಬೇರೆಯಾಗಿ ಬರೆಯಬೇಕು. ಮೂರನೆಯ ಸಾಲು ಎಷ್ಟು ಬೇಗ ತುಂಬುತ್ತದೆ, ಮೊದಲನೆಯದು ಎಷ್ಟು ನಿಧಾನ ಎಂದು ಮಕ್ಕಳಿಗೇ ಕಾಣುತ್ತದೆ. "ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು" ಎಂದು ಹಿರಿಯರು ಹೇಳಿದ್ದಾರೆ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಎಂದೂ ಅವರೇ ಹೇಳಿದ್ದಾರೆ. ಎರಡನೆಯದನ್ನು ಎಲ್ಲರೂ ನೆನಪಿಟ್ಟಿದ್ದೇವೆ, ಮೊದಲನೆಯದು ಮರೆತಿದೆ. ಹೆದರಿದವನೂ ಹೆಗಲು ಮುಟ್ಟಿಕೊಳ್ಳುತ್ತಾನಲ್ಲ!

ಇದು ಬರೀ ಮಳೆಗಾಲದ ಹೊತ್ತು ಕಳೆಯುವ ಮಾತಲ್ಲ. ತರಗತಿಯಲ್ಲಿ ಒಂದು ಪೆನ್ನು ಕಳೆದರೆ ಯಾರ ಚೀಲವನ್ನು ಮೊದಲು ತಡಕುತ್ತಾರೆ? ಮನೆಯಲ್ಲಿ ಉಂಗುರ ಕಾಣದಿದ್ದರೆ ಯಾರನ್ನು ಮೊದಲು ಕರೆದು ಕೇಳುತ್ತಾರೆ? ಬಡವನ ಚೀಲ, ಕೆಲಸದವಳ ಹೆಸರು. ಇದನ್ನು ಮಕ್ಕಳು ನೋಡುತ್ತಲೇ ಕಲಿಯುತ್ತಾರೆ. 2018ರ ಜುಲೈಯಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ, ಶಾಲೆಯ ಮಕ್ಕಳಿಗೆ ಚಾಕೊಲೇಟು ಕೊಟ್ಟ ಪರವೂರಿನವರನ್ನು ಮಕ್ಕಳ ಕಳ್ಳರೆಂದು ಭಾವಿಸಿ ಜನ ಗುಂಪುಗೂಡಿ ಹೊಡೆದರು. ಹೈದರಾಬಾದಿನ ಯುವ ಇಂಜಿನಿಯರ್ ಒಬ್ಬ ಸತ್ತುಹೋದ. ಸುದ್ದಿ ಹಬ್ಬಿದ್ದು ವಾಟ್ಸ್‌ಆ್ಯಪಿನಲ್ಲಿ. ಆ ಗುಂಪಿನವರೂ ಒಟ್ಟಾಗಿಯೇ ಇದ್ದರು, ಕಳ್ಳನನ್ನು ಹಿಡಿಯುತ್ತಿದ್ದೇವೆ ಎಂದೇ ತಿಳಿದಿದ್ದರು. "ನೀ ಕಂಡಿದ್ಯಾ?" ಎಂದು ಕೇಳಿ ತಡೆಯುವ ಒಂದು ದನಿ ಅಲ್ಲಿ ಗೆಲ್ಲಲಿಲ್ಲ. ಒಗ್ಗಟ್ಟು ಒಳ್ಳೆಯದೆಂದು ಮಕ್ಕಳಿಗೆ ಕಲಿಸುತ್ತೇವೆ. ಒಗ್ಗಟ್ಟಿನ ನಡುವೆ ನಿಂತು ಅನುಮಾನ ಕೇಳುವುದನ್ನೂ ಕಲಿಸಬೇಕಾಗಿದೆ.

ರಟ್ಟಿನ ನಕ್ಷೆಯೊಂದು ಇಷ್ಟನ್ನೆಲ್ಲ ಸರಿಮಾಡುತ್ತದೆ ಎಂದಲ್ಲ. ಎಸ್ಸೆಸ್ಸೆಲ್ಸಿಯಲ್ಲಿ ಅಂಕ ಹೆಚ್ಚುತ್ತದೆ ಎಂಬ ಭರವಸೆಯನ್ನೂ ಯಾರೂ ಕೊಡಲಾರರು. ಆದರೆ ಕೋಟದಲ್ಲಿ ಹುಟ್ಟಿದ ಶಿವರಾಮ ಕಾರಂತರು ಪುತ್ತೂರಿನ ಬಾಲವನದಲ್ಲಿ ಮಕ್ಕಳ ಕಲಿಕೆಯ ಪ್ರಯೋಗಗಳನ್ನು ನಡೆಸಿದ್ದು ಈ ಜಿಲ್ಲೆಗಳ ಜನರಿಗೆ ಗೊತ್ತಿದೆ. ಆಡುತ್ತ ಕಲಿತದ್ದು ಮರೆಯುವುದು ಕಡಿಮೆ. ಒಮ್ಮೆ ಬಿಡಿಸಿದ ಪ್ರಕರಣ ಮತ್ತೆ ಆಡಲು ಬಾರದು ಎಂಬ ಕೊರತೆ ಈ ಆಟಗಳಿಗಿದೆ. ಅದಕ್ಕೂ ಉಪಾಯವಿದೆ. ಬ್ರಹ್ಮಾವರದ ಮಕ್ಕಳು ಕಟ್ಟಿದ ಪ್ರಕರಣವನ್ನು ಬೈಂದೂರಿನ ಶಾಲೆಗೆ ಕಳಿಸಲಿ, ಅವರದನ್ನು ಇವರು ಬಿಡಿಸಲಿ.

ಮಕ್ಕಳಿಗೆ ಒಂದು ಮಾತು ಮಾತ್ರ ಹೇಳಿಡಿ. ಆಟದಲ್ಲಿ ತಪ್ಪು ಹೆಸರು ಹೇಳಿದರೆ ಕಾಯಿಯನ್ನು ಎತ್ತಿ ಮತ್ತೆ ಮೊದಲಿನ ಮನೆಗೆ ಇಡಬಹುದು. ಕಾಯಿಗೆ ಬೇಸರವಿಲ್ಲ. ಊರಿನಲ್ಲಿ ಒಮ್ಮೆ ಕಳ್ಳ ಎನಿಸಿಕೊಂಡವನು ಮಾರನೆಯ ದಿನ ಅದೇ ಬಸ್ಸಿನಲ್ಲಿ, ಅದೇ ಜನರ ನಡುವೆ ಕುಳಿತು ಹೋಗಬೇಕು.