ಬಿಡ್ತು ಅನ್ನಿ

ಮನೆಯಲ್ಲಿ ಯಾರಾದರೂ ಅಮಂಗಳದ ಮಾತನಾಡಿದರೆ ಒಡನೆಯೇ ಮತ್ತೊಬ್ಬರು ‘ಬಿಡ್ತು ಅನ್ನು’ ಎನ್ನುವುದು ನಮ್ಮಲ್ಲಿ ರೂಢಿ. ಹೊರಡುವಾಗ ‘ಹೋಗುತ್ತೇನೆ’ ಎನ್ನದೆ ‘ಬರುತ್ತೇನೆ’ ಎನ್ನುವವರು ನಾವು. ದೀಪವನ್ನು ಆರಿಸದೆ ‘ಶಾಂತ’ಮಾಡುವವರು. ‘ಸತ್ತರು’ ಎನ್ನಲು ನಾಲಿಗೆ ಹೊರಳದೆ ‘ತೀರಿಕೊಂಡರು’, ‘ದೈವಾಧೀನರಾದರು’ ಎನ್ನುತ್ತೇವೆ. ಇಂಥ ಭಾಷೆಯನ್ನು ಪಾಠ ಹೇಳಿ ಹೊಟ್ಟೆ ಹೊರೆಯುವ ನಾನು, ಈ ‘ಬಿಡ್ತು’ ಎಂಬ ಮಾತಿನಿಂದಲೇ ಒಬ್ಬರನ್ನು ನೋಯಿಸಿದ ಪ್ರಸಂಗವೊಂದಿದೆ.

ನನ್ನ ಸೋದರಮಾವನವರ ಪತ್ನಿ ತೀರಿಕೊಂಡು ತಿಂಗಳಾಗಿತ್ತು. ಮಾತನಾಡಿಸಿಕೊಂಡು ಬರಲೆಂದು ಮೈಸೂರಿಗೆ ಹೋದೆ. ಮಾವ ತಾವೇ ಕಾಫಿ ಬೆರಸಿ ತಂದು ಲೋಟವನ್ನು ನನ್ನ ಮುಂದಿಟ್ಟರು. “ನಲವತ್ತು ವರ್ಷ ನಿನ್ನ ಅತ್ತೆ ನನ್ನನ್ನು ಒಲೆಯ ಬಳಿಗೆ ಬಿಟ್ಟವಳಲ್ಲ. ಎಲ್ಲಿ ಇವರ ಕೈಯ ಕಾಫಿ ಕುಡಿಯಬೇಕಾದೀತೋ ಎಂದು ಹೆದರಿ ಮೊದಲೇ ಹೊರಟುಬಿಟ್ಟಳು, ನೋಡಯ್ಯ!” ಎಂದು ನಕ್ಕರು.

ನನ್ನ ಎದೆ ಧಸಕ್ಕೆಂದಿತು. “ಮಾವ, ಇದೇನು ಮಾತು! ಬಿಡ್ತು ಅನ್ನಿ” ಎಂದೆ.

ಅವರ ನಗೆ ಅಲ್ಲಿಗೇ ನಿಂತಿತು. “ಹೌದಪ್ಪ, ಬಿಡ್ತು” ಎಂದರು. ಆಮೇಲೆ ಮಳೆ ಬೆಳೆ, ನನ್ನ ಕಾಲೇಜು, ಮನೆ ಬಾಡಿಗೆ ಎಲ್ಲವೂ ಮಾತಿಗೆ ಬಂದವು. ಅತ್ತೆಯ ಹೆಸರೊಂದು ಬರಲಿಲ್ಲ.

ಮುಂದಿನ ತಿಂಗಳು ನನ್ನಾಕೆಯೊಡನೆ ಹೋದೆ. ಅದೇ ಕಾಫಿ, ಅದೇ ಹಾಸ್ಯ. ಆದರೆ ಮಾವ ಹೇಳಿದ್ದು ನನಗಲ್ಲ, ಅವಳಿಗೆ. ಅವಳು ಒಂದು ಗುಟುಕು ಕುಡಿದು, ಮೆಲ್ಲಗೆ ನಕ್ಕು, “ಅತ್ತೆ ಹೆದರಿದ್ದರಲ್ಲಿ ತಪ್ಪೇನಿಲ್ಲ, ಮಾವ. ಅವರು ಚಿಕೋರಿ ಎಷ್ಟು ಹಾಕುತ್ತಿದ್ದರು?” ಎಂದಳು. ಅಷ್ಟೇ ಸಾಕಾಯಿತು. ಚಿಕೋರಿಯಿಂದ ಮೊದಲಾದ ಮಾತು ಬೀಜ ಹುರಿಯುವ ಬಾಣಲೆಗೆ, ಅಲ್ಲಿಂದ ಅವರ ಮದುವೆಗೆ ಹರಿದು, ಕೊನೆಗೆ ಆಸ್ಪತ್ರೆಯ ಆ ಕಡೆಯ ರಾತ್ರಿಗೆ ಬಂದು ನಿಂತಿತು. ಮಾವ ಅತ್ತರು. ಅತ್ತೆ ಹೋದ ಮೇಲೆ ಅವರು ಇನ್ನೊಬ್ಬರ ಎದುರಿಗೆ ಅತ್ತದ್ದು ಅದೇ ಮೊದಲಂತೆ. ಅಂದು ಅವರು ಹಾಸ್ಯದಿಂದ ನನ್ನ ಬಾಗಿಲನ್ನು ತಟ್ಟಿದ್ದರು. ನಾನು ಒಳಗಿನಿಂದ ಅಗುಳಿ ಹಾಕಿಕೊಂಡಿದ್ದೆ.

ಹಾಗೆಂದು ಸಾವಿನ ಹಾಸ್ಯಕ್ಕೆಲ್ಲ ನಗಲಾದೀತೆ? ಒಮ್ಮೆ ಅಧ್ಯಾಪಕರ ಕೊಠಡಿಯಲ್ಲಿ ಹಿರಿಯರೊಬ್ಬರು ಹೆಣ ಹೊತ್ತವರ ಕಥೆಯೊಂದನ್ನು ಹೇಳಿ ಎಲ್ಲರನ್ನೂ ನಗಿಸಿದರು. ನಾನೂ ನಕ್ಕೆ. ನಗು ಮುಗಿದಾಗ ಕಣ್ಣಿಗೆ ಬಿತ್ತು: ತಂದೆಯ ಉತ್ತರಕ್ರಿಯೆ ಮುಗಿಸಿ ಅಂದೇ ಕೆಲಸಕ್ಕೆ ಬಂದಿದ್ದ ಕಿರಿಯ ಸಹೋದ್ಯೋಗಿ, ಬೋಳಿಸಿದ ತಲೆಯನ್ನು ತಗ್ಗಿಸಿ ಹಾಜರಿ ಪುಸ್ತಕವನ್ನು ಸುಮ್ಮನೆ ತಿರುವುತ್ತಿದ್ದ. ಕಥೆ ಹೇಳಿದವರು ಕೆಟ್ಟವರಲ್ಲ, ನೋಡಿರಲಿಲ್ಲ, ಅಷ್ಟೆ. ಅವರನ್ನು ಅಲ್ಲೇ ಆಕ್ಷೇಪಿಸಿದ್ದರೆ ಆತನ ದುಃಖವೇ ಎಲ್ಲರ ನೋಟಕ್ಕೆ ಗುರಿಯಾಗುತ್ತಿತ್ತು. ಗಂಟೆ ಬಾರಿಸಿದ ಮೇಲೆ ಆತನ ಜೊತೆಯಲ್ಲಿ ತರಗತಿಯವರೆಗೆ ನಡೆದೆ. “ನಿಮ್ಮ ತಂದೆಯವರು ಏನು ಕೆಲಸದಲ್ಲಿದ್ದರು?” ಎಂದು ಕೇಳಿದೆ. ಚಿಕೋರಿಯ ಪಾಠ ಅಲ್ಲಿ ಉಪಯೋಗಕ್ಕೆ ಬಂತು.

‘ಊರು ಹೋಗು ಎನ್ನುತ್ತದೆ, ಕಾಡು ಬಾ ಎನ್ನುತ್ತದೆ’ ಎಂದು ತಮ್ಮ ಸಾವನ್ನೇ ಹಾಸ್ಯಮಾಡಿದವರು ನಮ್ಮ ಹಿರಿಯರು. ರೋಗಿಗಳ ನಾಡಿ ಹಿಡಿದ ವೈದ್ಯರೇ ಆಗಿದ್ದ ‘ರಾಶಿ’ಯವರು 1942ರಲ್ಲಿ ‘ಕೊರವಂಜಿ’ಯನ್ನು ಹುಟ್ಟುಹಾಕಿ ನಾಡನ್ನು ನಗಿಸಿದರು. ನಗೆಗೂ ದುಃಖಕ್ಕೂ ಹಗೆತನವಿಲ್ಲ. ತನ್ನ ಹೊರೆಯನ್ನು ತಾನೇ ನಗುತ್ತ ಇಳಿಸುವವನಿಗೆ ಕೈ ನೀಡಬೇಕು. ಇನ್ನೊಬ್ಬನ ತಲೆಯ ಮೇಲಿನ ಹೊರೆಯನ್ನು ನೋಡಿ ನಗಬಾರದು.

ಈಗಲೂ ಮಾವನ ಮನೆಯಲ್ಲಿ ಆ ಕಾಫಿಯನ್ನೇ ಕುಡಿಯುತ್ತೇನೆ. ಅದೇನೂ ಸುಧಾರಿಸಿಲ್ಲ. “ಅತ್ತೆ ಜಾಣೆ, ಮಾವ” ಎನ್ನುತ್ತೇನೆ. ಅವರು ನಗುತ್ತಾರೆ, ಒಮ್ಮೊಮ್ಮೆ ಕಣ್ಣೊರೆಸಿಕೊಳ್ಳುತ್ತಾರೆ. ‘ಬಿಡ್ತು’ ಎನ್ನುವುದನ್ನು ನಾನು ಬಿಟ್ಟಿದ್ದೇನೆ.