ನೀರು ಹುಯ್ಯೋರ ಹೆಸರು

ಮದ್ದೂರಿನಿಂದ ಮಳವಳ್ಳಿಗೆ ಹೋಗುವ ಬಸ್ಸಿನಲ್ಲಿ ಕಿಟಕಿ ಪಕ್ಕ ಸೀಟು ಸಿಕ್ಕರೆ ಕಬ್ಬಿನ ಗಾಡಿ ಎಣಿಸುವುದು ನನ್ನ ಹಳೇ ಚಟ. ಮೆಳ್ಳಹಳ್ಳಿ ಬಂದಾಗ ಮಾತ್ರ ಎಣಿಕೆ ತಪ್ಪುತ್ತದೆ. 2019ರ ಫೆಬ್ರವರಿ 14ರಂದು ಪುಲ್ವಾಮಾ ದಾಳಿಯಲ್ಲಿ ಸತ್ತ ಸಿಆರ್‌ಪಿಎಫ್‌ನ 40 ಮಂದಿಯಲ್ಲಿ ಗುಡಿಗೆರೆಯ ಗುರು ಒಬ್ಬರು. ರಜೆ ಮುಗಿಸಿ ಕೆಲಸಕ್ಕೆ ಮರಳಿ ಕೆಲವೇ ದಿನಗಳಾಗಿದ್ದವು. 16ರಂದು ಈ ಮೆಳ್ಳಹಳ್ಳಿಯಲ್ಲೇ ಅವರ ಅಂತ್ಯಕ್ರಿಯೆ ನಡೆಯಿತು. ಅಂದಿನಿಂದ ಈ ರಸ್ತೆಯಲ್ಲಿ ಓಡಾಡುವವರಿಗೆಲ್ಲ ಇದು ಬರೀ ಒಂದು ಸ್ಟಾಪು ಅಲ್ಲ.

ಸೈನಿಕರ ಹೆಸರಿನಲ್ಲಿ ನಾನೂ ಒಂದು ಗಿಡ ನೆಟ್ಟವನೇ. ನಮ್ಮ ಕಡೆಯ ಒಂದೂರಿನಲ್ಲಿ ಕಾರ್ಗಿಲ್ ವಿಜಯ ದಿವಸದ ದಿನ ‘ಯೋಧರ ಸ್ಮರಣೆಯ ವನ’ ಅಂತ ಬ್ಯಾನರ್ ಕಟ್ಟಿ, ಮೈಕು ಹಾಕಿ, ಸಾಲಾಗಿ ಗುಂಡಿ ತೋಡಿದ್ದರು. ನನ್ನ ಪಾಲಿಗೆ ಹೊಂಗೆ ಸಸಿ ಬಂತು. ನೆಟ್ಟೆ, ಫೋಟೊ ಹೊಡೆಸಿಕೊಂಡೆ, ಉಪ್ಪಿಟ್ಟು ತಿಂದು ಬಂದೆ. ಶಿವರಾತ್ರಿ ಹೊತ್ತಿಗೆ ಹೋಗಿ ನೋಡಿದರೆ ಸಸಿಗಳಿದ್ದ ಕಡೆ ಕಡ್ಡಿಗಳಿದ್ದವು. ಕಬ್ಬಿಣದ ಜಾಲರಿಗಳಲ್ಲಿ ಒಂದು ಯಾರದೋ ಹಿತ್ತಲಿನಲ್ಲಿ ಕೋಳಿಮರಿ ಕಾಯುತ್ತಿತ್ತು. ಉದ್ಘಾಟಿಸಿದವರ ಹೆಸರಿನ ಕಲ್ಲು ಮಾತ್ರ ಒಂಚೂರೂ ಬಾಡಿರಲಿಲ್ಲ. ದೊಡ್ಡವ್ವನಿಗೆ ಹೇಳಿದೆ. ಅವಳು ರಾಗಿ ಕೇರುತ್ತಲೇ, “ಗಿಡ ನೆಡಕ್ಕೆ ಊರೆಲ್ಲ ಬತ್ತದೆ ಕಣ್ಲಾ, ನೀರು ಹುಯ್ಯಕ್ಕೆ ಯಾವನೂ ಬರಾಕಿಲ್ಲ. ನೀನೇನು ಹೋಗಿದ್ದಾ?” ಅಂದಳು. ನಾನು ಮೊರದ ಕಡೆ ನೋಡಿದೆ.

ಅವಳ ಮಾತನ್ನು ಸಾವಿರ ವರ್ಷದ ಹಿಂದೆಯೇ ಕಲ್ಲಿನ ಮೇಲೆ ಬರೆಸಿದವರು ಇದೇ ಮದ್ದೂರು ಸೀಮೆಯವರು. ಆತಕೂರಿನ ವೀರಗಲ್ಲು ಒಂದು ನಾಯಿಯದು. ಸುಮಾರು ಕ್ರಿ.ಶ. 949ರಲ್ಲಿ ತಕ್ಕೋಲದಲ್ಲಿ ಚೋಳರಿಗೂ ರಾಷ್ಟ್ರಕೂಟ ಮೂರನೇ ಕೃಷ್ಣನಿಗೂ ಯುದ್ಧವಾಗಿ, ಚೋಳರ ರಾಜಾದಿತ್ಯ ಬಿದ್ದ. ಕೃಷ್ಣನ ಪರವಾಗಿ ಕಾದಿದ ಗಂಗರ ಬೂತುಗ ತನ್ನ ಬಂಟ ಮಣಲೇರನ ಪರಾಕ್ರಮಕ್ಕೆ ಮೆಚ್ಚಿ, ಏನು ಬೇಕೋ ಕೇಳು ಅಂದನಂತೆ. ಆತ ಕೇಳಿದ್ದು ಕಾಳಿ ಎಂಬ ಬೇಟೆನಾಯಿಯನ್ನು. ಆ ಕಾಳಿ ಬೆಳ್ತೂರಿನ ಮೊರಡಿಯಲ್ಲಿ ಕಾಡುಹಂದಿಯ ಮೇಲೆ ಬಿದ್ದು, ಅದನ್ನು ಕೊಂದು ತಾನೂ ಸತ್ತಿತು. ಚಲ್ಲೇಶ್ವರನ ಗುಡಿ ಮುಂದೆ ಕಲ್ಲು ನಿಲ್ಲಿಸಿದರು.

ನನಗೆ ಹಿಡಿಸಿದ್ದು ಆಮೇಲಿನ ಸಾಲುಗಳು. ಕಲ್ಲು ನೆಟ್ಟವರು ಕೈ ಒರೆಸಿಕೊಂಡು ಹೋಗಲಿಲ್ಲ. ದೊಡ್ಡ ಕೆರೆಯ ಕೆಳಗೆ ಎರಡು ಖಂಡುಗದ ಭೂಮಿ ಬಿಟ್ಟರು. ಗುಡಿಯ ಪೂಜಾರಿ ಈ ಕಲ್ಲನ್ನು ಪೂಜಿಸದೆ ಉಂಡರೆ ಆ ನಾಯಿಯ ಪಾಪ ಅವನಿಗೆ ತಟ್ಟಲಿ ಎಂದು ಕಟ್ಟಳೆ ಹಾಕಿದರು. ನೀರಾವರಿ ಜಮೀನೂ ಕೊಟ್ಟು ಶಾಪದ ಭಯವನ್ನೂ ಇಟ್ಟದ್ದು, ಮನುಷ್ಯನ ಮರೆವನ್ನು ಚೆನ್ನಾಗಿ ಬಲ್ಲವರ ಕೆಲಸ. ಆ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಕಾಳಿಯ ಹೆಸರು ಇನ್ನೂ ಓದಿಸಿಕೊಳ್ಳುತ್ತದೆ.

ಮನುಷ್ಯರೆಲ್ಲರಿಗೂ ಆ ಭಾಗ್ಯವಿಲ್ಲ. 1799ರ ಮಾರ್ಚ್ 27ರಂದು ಮಳವಳ್ಳಿ ಬಳಿ ಟಿಪ್ಪುವಿನ ದಂಡಿಗೂ ಬ್ರಿಟಿಷರ ಜನರಲ್ ಹ್ಯಾರಿಸ್‌ನ ದಂಡಿಗೂ ಕಾಳಗವಾಯಿತು. ದಂಡು ನಡೆಸಿದವರ ಹೆಸರು ಪುಸ್ತಕ ಸೇರಿತು. ಬಿದ್ದ ಸಿಪಾಯಿಗಳು ಹೊಲದ ಮಣ್ಣಾದರು. ಆತಕೂರಿನ ನಾಯಿಗೆ ಸಿಕ್ಕಿದ ಕಲ್ಲು ಅವರಿಗೆ ಸಿಗಲಿಲ್ಲ.

ಮೊನ್ನೆ ಮತ್ತೆ ಗಿಡ ನೆಟ್ಟಿದ್ದ ಆ ಊರಿಗೆ ಹೋಗಿ ನನ್ನ ಹೊಂಗೆಯ ಗುಂಡಿ ಹುಡುಕಿದೆ. ಒಣಗಿದ ಕಡ್ಡಿಯೂ ಇರಲಿಲ್ಲ. ಹೊಸ ಸಸಿ ಇಟ್ಟು, ಎದುರಿನ ಟೀ ಅಂಗಡಿಯವನ ಜೊತೆ ಕರಾರು ಮಾಡಿಕೊಂಡು ಬಂದಿದ್ದೇನೆ: ಲೋಟ ತೊಳೆದ ನೀರು ಗಿಡಕ್ಕೆ, ತಿಂಗಳಿಗಿಷ್ಟು ದುಡ್ಡು ಅವನಿಗೆ. ನನ್ನ ಎರಡು ಖಂಡುಗ ಅಷ್ಟೇ. ಸೈನಿಕರ ಹೆಸರಿನಲ್ಲಿ ವನ ಮಾಡುವವರಲ್ಲಿ ಒಂದೇ ಬಿನ್ನಹ. ಕಲ್ಲಿನ ಮೇಲೆ ಸತ್ತವರ ಹೆಸರು ಬರೆಸಿ. ಅದರ ಕೆಳಗೆ ಉದ್ಘಾಟಿಸಿದವರ ಹೆಸರು ಬೇಡ, ನೀರು ಹುಯ್ಯೋರ ಹೆಸರು ಬರೆಸಿ.